ತೆಂಗಿನ ಸೀಮೆಯ ಸಮಾಜ ಪರಿವರ್ತನೆ ಮತ್ತು ಗಣಿತ ಪ್ರತಿರೂಪ

ನಮ್ಮ ಕಾಲೇಜುಗಳಲ್ಲಿ ಇತಿಹಾಸದ ಪಾಠ ನಡೆಯುವಾಗ ‘ಕಾರಣಗಳು’ ಎಂಬ ಶೀರ್ಷಿಕೆಯ ಕೆಳಗೆ ನಾಲ್ಕೈದು ಅಂಶಗಳನ್ನು ಬರೆಯಿಸಿ, ‘ಪರಿಣಾಮಗಳು’ ಎಂಬ ಶೀರ್ಷಿಕೆಯ ಕೆಳಗೆ ಮತ್ತೆ ನಾಲ್ಕೈದನ್ನು ಬರೆಯಿಸುವುದು ರೂಢಿಯಾಗಿದೆ. ಪರೀಕ್ಷೆಗೆ ಇದು ಅನುಕೂಲವೇ ಸರಿ. ಆದರೆ ಸಮಾಜವು ಹೀಗೆ ಎರಡು ಪಟ್ಟಿಗಳಾಗಿ ನಡೆಯುವುದಿಲ್ಲ. ಇಂದಿನ ಪರಿಣಾಮವು ನಾಳೆ ತನ್ನ ಕಾರಣದ ಮೇಲೆಯೇ ಕೈಮಾಡುತ್ತದೆ. ತುರುವೇಕೆರೆ ತಾಲ್ಲೂಕಿನ ದಬ್ಬೇಘಟ್ಟ ಹೋಬಳಿಯಲ್ಲಾಗಲಿ, ಅದರ ಸುತ್ತಣ ತಿಪಟೂರು, ಚಿಕ್ಕನಾಯಕನಹಳ್ಳಿಗಳ ತೆಂಗಿನ ಸೀಮೆಯಲ್ಲಾಗಲಿ ಯಾರನ್ನು ಕೇಳಿದರೂ ‘ಕೊಳವೆ ಬಾವಿ ಬಂತು, ರಾಗಿ ಹೊಲ ತೋಟವಾಯಿತು, ಊರು ಬದಲಾಯಿತು’ ಎಂಬ ಒಂದು ಸಾಲಿನ ಇತಿಹಾಸ ದೊರೆಯುತ್ತದೆ. ಈ ಸಾಲು ಸುಳ್ಳಲ್ಲ, ಅಪೂರ್ಣ. ಸಮಾಜವನ್ನು ಪರಸ್ಪರ ಹೆಣೆದುಕೊಂಡ ಒಂದು ವ್ಯವಸ್ಥೆಯೆಂದು ಭಾವಿಸಿ, ಅದರ ನಡೆಯನ್ನು ಸರಳವಾದ ಗಣಿತ ಪ್ರತಿರೂಪದಿಂದ ಪರಿಶೀಲಿಸಿದರೆ ಈ ಅಪೂರ್ಣತೆ ಎಲ್ಲಿದೆಯೆಂಬುದು ಗೊತ್ತಾಗುತ್ತದೆ. ಅದನ್ನು ತೋರಿಸುವುದೇ ಪ್ರಕೃತ ಲೇಖನದ ಉದ್ದೇಶ.

ಗಣಿತವೆಂದೊಡನೆ ಇತಿಹಾಸದ ವಿದ್ಯಾರ್ಥಿಗಳು ಬೆದರಬೇಕಾಗಿಲ್ಲ. ನಮ್ಮ ದೇಶದ ಇತಿಹಾಸ ಲೇಖನಕ್ಕೆ ಹೊಸ ದಾರಿ ತೋರಿಸಿದ ದಾಮೋದರ ಧರ್ಮಾನಂದ ಕೋಸಂಬಿಯವರು ವೃತ್ತಿಯಿಂದ ಗಣಿತಜ್ಞರು. ಪ್ರಾಚೀನ ಮುದ್ರಾಂಕಿತ ನಾಣ್ಯಗಳನ್ನು ತೂಗಿ, ಕೈಯಿಂದ ಕೈಗೆ ಸವೆದಂತೆ ಅವುಗಳ ತೂಕ ಇಳಿಯುವ ಕ್ರಮವನ್ನು ಸಂಖ್ಯಾಶಾಸ್ತ್ರದಿಂದ ನಿರ್ಧರಿಸಿದವರು ಅವರು. ಯೂರೋಪಿನಲ್ಲಿ ಮಾಲ್ಥಸನು 1798ರಲ್ಲಿ ಜನಸಂಖ್ಯೆಯನ್ನು ಕುರಿತು ಎತ್ತಿದ ವಾದಕ್ಕೆ ಬೆಲ್ಜಿಯಮಿನ ವೆರ್ಹುಲ್ಸ್ಟನು 1838ರಲ್ಲಿ ಒಂದು ಸಮೀಕರಣದ ರೂಪ ಕೊಟ್ಟನು: ಬೆಳವಣಿಗೆ ಮೊದಲು ನಿಧಾನ, ನಡುವೆ ವೇಗ, ಮಿತಿ ಸಮೀಪಿಸಿದಂತೆ ಮತ್ತೆ ನಿಧಾನ. ಅಮೆರಿಕದ ಮೆಸಾಚುಸೆಟ್ಸ್ ತಾಂತ್ರಿಕ ಸಂಸ್ಥೆಯಲ್ಲಿ ಜೇ ಫಾರೆಸ್ಟರ್ ಅವರು ಮೊದಲು ಕಾರ್ಖಾನೆಗಳಿಗೆ, ಅನಂತರ ನಗರಗಳಿಗೆ, 1971ರಲ್ಲಿ ಇಡೀ ಜಗತ್ತಿಗೇ ಇಂಥ ಪ್ರತಿರೂಪಗಳನ್ನು ರಚಿಸಿದರು. ಜಗತ್ತಿನ ಮಾತು ದೊಡ್ಡದಾಯಿತು. ನಮಗೆ ಒಂದು ಹೋಬಳಿ ಸಾಕು.

ಈ ವಿಧಾನದಲ್ಲಿ ತಿಳಿಯಬೇಕಾದ ಪರಿಕಲ್ಪನೆಗಳು ಮೂರೇ. ಒಂದು, ಸಂಗ್ರಹ ಮತ್ತು ಹರಿವು: ಕೆರೆಯಲ್ಲಿ ನಿಂತ ನೀರು ಸಂಗ್ರಹ, ಹಳ್ಳದಿಂದ ಬರುವುದೂ ತೂಬಿನಿಂದ ಹೋಗುವುದೂ ಹರಿವು. ಎರಡು, ಮರುಪ್ರಭಾವ: ಸಂಗ್ರಹದ ಸ್ಥಿತಿಯು ಹಿಂದಿರುಗಿ ಹರಿವನ್ನು ನಿಯಂತ್ರಿಸುವುದು. ಮೂರು, ವಿಳಂಬ: ಕಾರ್ಯಕ್ಕೂ ಅದರ ಫಲ ಕಾಣುವುದಕ್ಕೂ ನಡುವೆ ಕಳೆಯುವ ಕಾಲ. ಮರುಪ್ರಭಾವವು ಬದಲಾವಣೆಯನ್ನು ತಡೆದು ವ್ಯವಸ್ಥೆಯನ್ನು ಸಮಸ್ಥಿತಿಗೆ ತರುವಂಥದಾಗಬಹುದು, ಇಲ್ಲವೆ ಬದಲಾವಣೆಯನ್ನು ಮತ್ತಷ್ಟು ಹೆಚ್ಚಿಸುವಂಥದಾಗಬಹುದು. ಮೊದಲನೆಯದನ್ನು ತಡೆಸುತ್ತು ಎಂದೂ ಎರಡನೆಯದನ್ನು ಏರುಸುತ್ತು ಎಂದೂ ಕರೆಯೋಣ.

ತಡೆಸುತ್ತಿಗೆ ಹಳೆಯ ಮೈಸೂರು ಸೀಮೆಯ ನೀರುಗಂಟಿಗಿಂತ ಒಳ್ಳೆಯ ಉದಾಹರಣೆ ಸಿಗಲಾರದು. ಕೆರೆಯ ನೀರು ಎಲ್ಲರ ಕಣ್ಣಿಗೂ ಕಾಣುವಂಥದು. ಮಳೆ ಕಡಿಮೆಯಾದ ವರ್ಷ ಅಚ್ಚುಕಟ್ಟಿನಲ್ಲಿ ಎಷ್ಟು ನಾಟಿ ಮಾಡಬೇಕೆಂಬುದನ್ನು ಊರು ತೀರ್ಮಾನಿಸುತ್ತಿತ್ತು. ತೂಬನ್ನು ಎತ್ತಿ ಇಳಿಸಿ ಗದ್ದೆಗಳಿಗೆ ಸರದಿಯಲ್ಲಿ ನೀರು ಹಾಯಿಸುವವನು ನೀರುಗಂಟಿ. ಅವನಿಗೆ ಇನಾಮು ಭೂಮಿಯೂ ಕಣದಲ್ಲಿ ಧಾನ್ಯದ ಪಾಲೂ ಸಲ್ಲುತ್ತಿದ್ದವು. ಕೆರೆಯನ್ನು ಕಟ್ಟಿಸಿದವರಿಗೆ, ಕಾಪಾಡಿದವರಿಗೆ ಕೊಟ್ಟ ಕಟ್ಟುಕೊಡಗೆಯ ದಾನಗಳು ನಮ್ಮ ಶಾಸನಗಳಲ್ಲಿ ಹೇರಳವಾಗಿವೆ. 1904ರಲ್ಲಿ ರೈಸ್ ಅವರು ಪ್ರಕಟಿಸಿದ ತುಮಕೂರು ಜಿಲ್ಲೆಯ ಶಾಸನ ಸಂಪುಟವನ್ನು ಈ ದೃಷ್ಟಿಯಿಂದ ಮತ್ತೊಮ್ಮೆ ಓದಬೇಕು. ಸಂಗ್ರಹ ಕಡಿಮೆಯಾದರೆ ಬಳಕೆ ಕಡಿಮೆಯಾಗುತ್ತಿತ್ತು, ಅದೂ ಅದೇ ಋತುವಿನಲ್ಲಿ. ವಿಳಂಬವೆಂದರೆ ಕೆಲವು ವಾರಗಳು ಮಾತ್ರ. ಹೀಗೆಂದ ಮಾತ್ರಕ್ಕೆ ಹಳೆಯ ವ್ಯವಸ್ಥೆಯನ್ನು ಹಾಡಿ ಹೊಗಳಬೇಕೆಂದಲ್ಲ. ನೀರುಗಂಟಿಯ ಕೆಲಸ ಅನೇಕ ಊರುಗಳಲ್ಲಿ ದಲಿತ ಕುಟುಂಬಗಳ ಪಾಲಿನದಾಗಿತ್ತು. ನೀರು ಹಾಯಿಸುವವನಿಗೆ ನೀರಿನ ಮೇಲೆ ಒಡೆತನವಿರಲಿಲ್ಲ. ಸಮಸ್ಥಿತಿಯೆಂಬುದು ನ್ಯಾಯಕ್ಕೆ ಇನ್ನೊಂದು ಹೆಸರಲ್ಲ.

1954 ಮತ್ತು 1955ರ ಇನಾಮು ರದ್ದಿಯಾತಿ ಕಾಯಿದೆಗಳೂ 1961ರ ಗ್ರಾಮಾಧಿಕಾರ ರದ್ದಿಯಾತಿ ಕಾಯಿದೆಯೂ ಈ ಹಳೆಯ ಕಟ್ಟನ್ನು ಬಿಚ್ಚಿದವು. ಸಾಮಾಜಿಕ ದೃಷ್ಟಿಯಿಂದ ಇವು ಅವಶ್ಯಕವಾಗಿದ್ದವೆಂಬುದರಲ್ಲಿ ಸಂದೇಹವಿಲ್ಲ. ಆದರೆ ಊಳಿಗದೊಡನೆ ಊಳಿಗ ನಡೆಸುತ್ತಿದ್ದ ನಿಯಂತ್ರಣವೂ ಹೋಯಿತು. ಆ ಜಾಗಕ್ಕೆ ಬೇರೊಂದು ಬರಲಿಲ್ಲ. ಅನಂತರದ ದಶಕಗಳಲ್ಲಿ ಕೊಳವೆ ಬಾವಿಗಳು ಹರಡಿದವು. 2008ರಿಂದ 10 ಅಶ್ವಶಕ್ತಿಯವರೆಗಿನ ಪಂಪುಸೆಟ್ಟುಗಳಿಗೆ ವಿದ್ಯುತ್ತು ಉಚಿತವಾಯಿತು. ನೀರು ತೂಬಿನಿಂದ ನೆಲದಡಿಗೆ ಇಳಿಯಿತು, ಎಂದರೆ ಕಣ್ಣಿಗೆ ಕಾಣದಾಯಿತು. ಪ್ರತಿಯೊಬ್ಬ ರೈತನಿಗೂ ಗೊತ್ತಿರುವುದು ತನ್ನ ಬಾವಿಯ ಸ್ಥಿತಿ ಮಾತ್ರ.

ಈಗ ಒಂದು ಲೆಕ್ಕ ಮಾಡೋಣ. ಇದು ಕಲ್ಪಿತ ಊರಿನ ಲೆಕ್ಕವೆಂಬುದನ್ನು ವಾಚಕರು ಮರೆಯಬಾರದು. ಊರಿನ ನೆಲದಡಿ 1000 ಪಾಲು ನೀರಿದೆಯೆಂದೂ, ಮಳೆಯಿಂದ ವರ್ಷಕ್ಕೆ 60 ಪಾಲು ಇಂಗುವುದೆಂದೂ, ತುಂಬಿದ ಮೇಲೆ ಹೆಚ್ಚಿನದು ಹರಿದುಹೋಗುವುದೆಂದೂ, ಒಂದು ಬಾವಿ ವರ್ಷಕ್ಕೆ 2 ಪಾಲು ಎತ್ತುವುದೆಂದೂ ಇಟ್ಟುಕೊಳ್ಳೋಣ. ಮೊದಲು 10 ಬಾವಿಗಳಿವೆ. ನೆರೆಯವನ ತೋಟವನ್ನು ನೋಡಿ ಇವನೂ ಕೊರೆಸುವುದರಿಂದ ಆರು ವರ್ಷಕ್ಕೊಮ್ಮೆ ಬಾವಿಗಳ ಸಂಖ್ಯೆ ಇಮ್ಮಡಿಯಾಗುತ್ತದೆ. ಇದು ಏರುಸುತ್ತು. ಬಾವಿಗಳು 30 ಆಗುವವರೆಗೆ ಎತ್ತಿದ ನೀರು ಮಳೆಯ ನೀರಿನೊಳಗೇ ಇರುತ್ತದೆ. ಈ ಮಿತಿ ಮೀರುವುದು ಸುಮಾರು ಹತ್ತನೆಯ ವರ್ಷದಲ್ಲಿ. ಅಂದು ಯಾರಿಗೂ ಏನೂ ಕಾಣುವುದಿಲ್ಲ. ಹದಿನೈದನೆಯ ವರ್ಷದ ಕೊನೆಗೂ ಎಂಟರಲ್ಲಿ ಏಳು ಪಾಲು ನೀರು ಉಳಿದಿರುತ್ತದೆ. ಸಂಗ್ರಹ ಅರ್ಧಕ್ಕೆ ಇಳಿಯುವುದು ಇಪ್ಪತ್ತನೆಯ ವರ್ಷದಲ್ಲಿ. ಉಳಿದ ಅರ್ಧ ಮುಗಿಯಲು ಇನ್ನು ಮೂರೇ ವರ್ಷ ಸಾಕು! ತಪ್ಪು ನಡೆದದ್ದು ಹತ್ತನೆಯ ವರ್ಷದಲ್ಲಿ, ಊರು ಎಚ್ಚೆತ್ತುಕೊಂಡದ್ದು ಇಪ್ಪತ್ತೊಂದರಲ್ಲಿ. ‘ಎರಡು ವರ್ಷದ ಬರದಿಂದ ನೀರು ಹೋಯಿತು’ ಎಂದು ಊರಿನವರು ಹೇಳುವುದೂ, ನಾವು ಅದನ್ನೇ ‘ಕಾರಣಗಳು’ ಎಂಬ ಪಟ್ಟಿಯಲ್ಲಿ ಬರೆಯಿಸುವುದೂ ಆ ಹನ್ನೊಂದು ವರ್ಷಗಳ ಮೌನವನ್ನು ಲೆಕ್ಕಕ್ಕೆ ಹಿಡಿಯದೆ.

ಇದರ ಮೇಲೆ ತೆಂಗಿನ ವಿಳಂಬವನ್ನು ಇಟ್ಟು ನೋಡಬೇಕು. ನಮ್ಮ ಸೀಮೆಯ ಎತ್ತರದ ತಳಿ ಫಲ ಬಿಡಲು ಆರರಿಂದ ಎಂಟು ವರ್ಷ ಬೇಕು. ಬಿಟ್ಟ ಮೇಲೆ ಎರಡು ಮೂರು ತಲೆಮಾರು ನಿಲ್ಲುವ ಮರ ಅದು. ನಮ್ಮ ಲೆಕ್ಕದ ಊರಿನಲ್ಲಿ ಹದಿನಾಲ್ಕನೆಯ ವರ್ಷ, ನೀರು ಸಮೃದ್ಧವಾಗಿ ಕಾಣುತ್ತಿದ್ದಾಗ ನೆಟ್ಟ ಸಸಿಯು ಫಲಕ್ಕೆ ಬರುವುದು ಬಾವಿ ಬತ್ತುವ ಹೊತ್ತಿಗೆ. ರಾಗಿಯಾದರೆ ಒಂದು ಮಳೆಗಾಲ ನೋಡಿ ಮುಂದಿನ ವರ್ಷ ಮನಸ್ಸು ಬದಲಾಯಿಸಬಹುದು. ತೋಟವನ್ನು ಹಾಗೆ ಬದಲಾಯಿಸಲಾಗದು. ಮರ ಒಣಗುವುದನ್ನು ನೋಡಲಾರದೆ ರೈತನು ಸಾಲ ಮಾಡಿ ಇನ್ನೂ ಆಳಕ್ಕೆ ಕೊರೆಸುತ್ತಾನೆ. ನೀರಿನ ಕೊರತೆಯೇ ಹೆಚ್ಚು ಕೊರೆತಕ್ಕೆ ಕಾರಣವಾಗಿ, ತಡೆಯಬೇಕಾದ ಸುತ್ತು ಏರುವ ಸುತ್ತಾಗಿ ತಿರುಗುತ್ತದೆ. ಗೊರೂರಿನ ಅಣೆಕಟ್ಟಿನಿಂದ ಬರುವ ಹೇಮಾವತಿಯ ನೀರು ಕೆರೆಗಳಿಗೆ ಹರಿದ ಕಡೆ ಒಳಹರಿವು ಹೆಚ್ಚುತ್ತದೆ, ನಿಜ. ಆದರೆ ಹೊರಹರಿವಿನ ಸುತ್ತು ಹಾಗೆಯೇ ಉಳಿದರೆ ಗಂಡಾಂತರದ ವರ್ಷ ಮುಂದಕ್ಕೆ ಹೋಗುವುದಲ್ಲದೆ ತಪ್ಪುವುದಿಲ್ಲ.

ಬೆಲೆಯ ವಿಷಯದಲ್ಲಿಯೂ ವಿಳಂಬದ ಆಟ ಇದೇ. ಕಾಯಿ ಅಟ್ಟದ ಮೇಲೆ ಎಂಟರಿಂದ ಹನ್ನೆರಡು ತಿಂಗಳು ಒಣಗಿದ ಮೇಲೆ ಉಂಡೆ ಕೊಬ್ಬರಿಯಾಗುತ್ತದೆ. ಅಟ್ಟವು ಮನೆಯ ಸಂಗ್ರಹ. ಒಂದು ಮನೆಗೆ ಅದು ರಕ್ಷಣೆ. ಎಲ್ಲ ಮನೆಗಳೂ ಒಟ್ಟಿಗೆ ಕಾದು, ಮದುವೆಗೋ ಕಾಲೇಜಿನ ಫೀಜಿಗೋ ಒಟ್ಟಿಗೆ ಇಳಿಸಿದಾಗ ಅದೇ ರಕ್ಷಣೆ ಏರಿಳಿತವನ್ನು ಹೆಚ್ಚಿಸುತ್ತದೆ. 2023ರಲ್ಲಿ ಉಂಡೆ ಕೊಬ್ಬರಿಗೆ ಕ್ವಿಂಟಾಲಿಗೆ 11,750 ರೂಪಾಯಿ ಬೆಂಬಲ ಬೆಲೆಯಿದ್ದಾಗ ತಿಪಟೂರಿನ ಮಾರುಕಟ್ಟೆ ಅದಕ್ಕಿಂತ ಬಹಳ ಕೆಳಗಿತ್ತು. 2025ರಲ್ಲಿ 12,100 ರೂಪಾಯಿ ಬೆಂಬಲ ಬೆಲೆಯಿದ್ದಾಗ ಮಾರುಕಟ್ಟೆ ಅದರ ಎರಡು ಪಟ್ಟನ್ನು ದಾಟಿತು. ಇಂದಿನ ಬೆಲೆಯನ್ನು ನೋಡಿ ನಾಳಿನ ಉತ್ಪನ್ನವನ್ನು ತೀರ್ಮಾನಿಸುವ ಕಡೆಯಲ್ಲೆಲ್ಲ ಇಂಥ ತೂಗಾಟ ಸಹಜವೆಂದು ಅರ್ಥಶಾಸ್ತ್ರಜ್ಞರು 1930ರ ದಶಕದಲ್ಲಿಯೇ ‘ಜೇಡರ ಬಲೆ’ಯ ಪ್ರತಿರೂಪದಿಂದ ತೋರಿಸಿದ್ದರು. ನೆಟ್ಟ ಏಳು ವರ್ಷಕ್ಕೆ ಫಲಿಸುವ ಬೆಳೆಯಲ್ಲಿ ಆ ಬಲೆಯ ಎಳೆಗಳು ಎಷ್ಟು ಉದ್ದವೆಂಬುದನ್ನು ಊಹಿಸಬಹುದು.

ಇನ್ನು ಪ್ರತಿರೂಪಗಳ ಮಿತಿ. ಸ್ಕಾರ್ಲೆಟ್ ಎಪ್‌ಸ್ಟೈನ್ ಅವರು 1950ರ ದಶಕದಲ್ಲಿ ಮಂಡ್ಯದ ಸುತ್ತಿನ ಎರಡು ಹಳ್ಳಿಗಳನ್ನು ಅಭ್ಯಸಿಸಿ 1962ರಲ್ಲಿ ಗ್ರಂಥ ಪ್ರಕಟಿಸಿದರು. ಕಾಲುವೆಯ ನೀರು ಸಿಕ್ಕ ಹಳ್ಳಿಯಲ್ಲಿ ಹಣ ಬಂದರೂ ಹಳೆಯ ಸಂಬಂಧಗಳು ಬಹುಮಟ್ಟಿಗೆ ಉಳಿದವು; ನೀರು ಸಿಗದ ಹಳ್ಳಿಯವರು ಹೊರಗಿನ ಉದ್ಯೋಗ ವ್ಯಾಪಾರಗಳಿಗೆ ಕೈಹಾಕಿದ್ದರಿಂದ ಅಲ್ಲಿಯೇ ಸಂಬಂಧಗಳು ಹೆಚ್ಚು ಬದಲಾದವು. ನೀರನ್ನು ಮಾತ್ರ ಎಣಿಸುವ ಪ್ರತಿರೂಪ ಇದನ್ನು ಹೇಳಲಾರದು. ವ್ಯವಸ್ಥೆಯ ಹೊರಗಿನಿಂದ ಬರುವ ಆಘಾತಗಳನ್ನೂ ಅದು ಹೇಳಲಾರದು. ಮೈಸೂರು ಸಂಸ್ಥಾನದ ಜನಸಂಖ್ಯೆ 1871ರಲ್ಲಿ ಸುಮಾರು 50.5 ಲಕ್ಷವಿದ್ದುದು 1876–78ರ ಮಹಾಕ್ಷಾಮದ ತರುವಾಯ, 1881ರಲ್ಲಿ, 41.9 ಲಕ್ಷಕ್ಕೆ ಇಳಿಯಿತು. ಯಾವ ನಯವಾದ ವಕ್ರರೇಖೆಯೂ ಈ ಗುಂಡಿಯನ್ನು ಮುಂದಾಗಿ ತೋರಿಸುತ್ತಿರಲಿಲ್ಲ. ಎಲ್ಲಕ್ಕಿಂತ ಮಿಗಿಲಾಗಿ, ನಮ್ಮ ಲೆಕ್ಕದ ಬಾವಿಗಳಿಗೆ ಒಡೆಯರಿಲ್ಲ. ಗಟ್ಟಿ ಬಂಡೆಯ ಈ ನಾಡಿನಲ್ಲಿ ನೀರು ಸೀಳುಗಳಲ್ಲಿ ನಿಲ್ಲುತ್ತದೆ. ಎಲ್ಲ ಬಾವಿಗಳೂ ಒಂದೇ ದಿನ ಬತ್ತುವುದಿಲ್ಲ. ಕಡಿಮೆ ಆಳದ ಬಾವಿ ಮೊದಲು ಬತ್ತುತ್ತದೆ, ಅದು ಸಾಮಾನ್ಯವಾಗಿ ಕಡಿಮೆ ಭೂಮಿಯವನದು. 1000 ಪಾಲು ನೀರು ಎಂಬ ಒಂದೇ ಅಂಕಿಯೊಳಗೆ ಯಾರು ಮೊದಲು ತೋಟ ಮಾರಿದರು, ಯಾರ ಮಕ್ಕಳು ಮೊದಲು ಬೆಂಗಳೂರಿಗೆ ಹೋದರು ಎಂಬ ಪ್ರಶ್ನೆಗಳು ಅಡಗಿಹೋಗುತ್ತವೆ. ಇತಿಹಾಸಕಾರನ ಕೆಲಸ ಅಲ್ಲಿಂದ ಆರಂಭವಾಗುತ್ತದೆ.

ಈ ಕೆಲಸಕ್ಕೆ ದೊಡ್ಡ ಯಂತ್ರಗಳು ಬೇಕಾಗಿಲ್ಲ. ದಬ್ಬೇಘಟ್ಟ ಹೋಬಳಿಯ ಒಂದು ಗ್ರಾಮವನ್ನು ಆರಿಸಿಕೊಂಡು, ಪಂಪುಸೆಟ್ಟುಗಳಿಗೆ ವಿದ್ಯುತ್ ಸಂಪರ್ಕ ದೊರೆತ ವರ್ಷಗಳನ್ನು ಕ್ರಮವಾಗಿ ಬರೆದುಕೊಂಡರೆ ಬಾವಿಗಳ ವಕ್ರರೇಖೆ ಸಿದ್ಧವಾಗುತ್ತದೆ. ಪಹಣಿಯಲ್ಲಿ ರಾಗಿ ಹೋಗಿ ತೆಂಗು ಬಂದ ವರ್ಷಗಳು ಎರಡನೆಯ ರೇಖೆ. ಕೊರೆಸಿದ ಆಳವನ್ನು ಮನೆಯ ಹಿರಿಯರು ಅಡಿಗಳ ಲೆಕ್ಕದಲ್ಲಿ, ಅದಕ್ಕೆ ಮಾಡಿದ ಸಾಲದೊಡನೆ ನೆನಪಿಟ್ಟುಕೊಂಡಿರುತ್ತಾರೆ, ಅದು ಮೂರನೆಯದು. ಈ ಮೂರನ್ನೂ ಒಂದೇ ಹಾಳೆಯ ಮೇಲೆ ಎಳೆದು, ಆ ಊರಿನ ‘ಹತ್ತನೆಯ ವರ್ಷ’ ಯಾವುದಾಗಿತ್ತೆಂದು ಗುರುತಿಸಿ, ಆ ವರ್ಷ ಗ್ರಾಮಸಭೆಯಲ್ಲಿ ಯಾವ ವಿಷಯ ಚರ್ಚೆಯಾಗುತ್ತಿತ್ತೆಂಬುದನ್ನು ನಡವಳಿ ಪುಸ್ತಕದಲ್ಲಿ ಹುಡುಕುವುದು ಸ್ನಾತಕೋತ್ತರ ತರಗತಿಯ ಇಬ್ಬರು ವಿದ್ಯಾರ್ಥಿಗಳಿಗೆ ಒಂದು ಬೇಸಗೆಯ ಕೆಲಸ.