ಪ್ಯಾಕೆಟ್ ಮೇಲಿನ ‘ಚಿಲೇಟೆಡ್’ ಅಂದ್ರೆ ಏನು? ದುಡ್ಡು ಕೊಡುವ ಮುಂಚೆ ತಿಳ್ಕೊಳ್ಳಿ

ಗೊಬ್ಬರದ ಅಂಗಡಿಯಲ್ಲಿ ಜಿಂಕ್ ಕೇಳಿದರೆ ಎರಡು ಥರದ ಪ್ಯಾಕೆಟ್ ಮುಂದೆ ಬರುತ್ತೆ. ಒಂದು ಸಾದಾ ಜಿಂಕ್ ಸಲ್ಫೇಟ್. ಇನ್ನೊಂದು ಚಿಕ್ಕದು, ಆದರೆ ಕೆಜಿ ಲೆಕ್ಕದಲ್ಲಿ ಬೆಲೆ ಹಲವು ಪಟ್ಟು. ಯಾಕೆ ಅಂತ ಕೇಳಿದರೆ ‘ಇದು ಚಿಲೇಟೆಡ್, ಪವರ್ ಜಾಸ್ತಿ’ ಅನ್ನೋ ಉತ್ತರ. ಈ ಪದದ ಬಗ್ಗೆ ರೈತರು ನನ್ನನ್ನು ಕೇಳುತ್ತಲೇ ಇರುತ್ತಾರೆ. ‘ಚೀಲದಲ್ಲಿ ಬರೋದನ್ನ ಚೀಲೇಟೆಡ್ ಅಂತಾರೇನೋ ಅಂದ್ಕೊಂಡಿದ್ದೆ ಸಾರ್’ ಅಂತ ಒಬ್ಬರು ತಮಾಷೆ ಮಾಡಿದ್ದರು. ತಮಾಷೆಯಾದರೂ ಅವರ ಮಾತು ‘ಪವರ್ ಜಾಸ್ತಿ’ ಅನ್ನೋ ಮಾತಿಗಿಂತ ಸತ್ಯಕ್ಕೆ ಹತ್ತಿರ ಇದೆ.

ಮೊದಲು ಅಂಕಿ ನೋಡಿ. 1 ಕೆಜಿ ಜಿಂಕ್ ಸಲ್ಫೇಟ್‌ನಲ್ಲಿ (ಶೇ. 21ರದ್ದು) 210 ಗ್ರಾಂ ಜಿಂಕ್ ಇರುತ್ತೆ. 1 ಕೆಜಿ ಚಿಲೇಟೆಡ್ ಜಿಂಕ್‌ನಲ್ಲಿ, ಅಂದರೆ ಜಿಂಕ್ ಇಡಿಟಿಎಯಲ್ಲಿ, ಇರೋದು 120 ಗ್ರಾಂ. ಕಬ್ಬಿಣದ್ದೂ ಇದೇ ಕಥೆ. ಸಾದಾ ಫೆರಸ್ ಸಲ್ಫೇಟ್‌ನಲ್ಲಿ ಶೇ. 19, ಐರನ್ ಇಡಿಟಿಎಯಲ್ಲಿ ಶೇ. 12, ಎಲ್ಲಕ್ಕಿಂತ ದುಬಾರಿಯಾದ ಐರನ್ ಇಡಿಡಿಎಚ್‌ಎಯಲ್ಲಿ ಸಾಮಾನ್ಯವಾಗಿ ಶೇ. 6 ಮಾತ್ರ. ಬೆಲೆ ಏರಿದ ಹಾಗೆ ಒಳಗಿನ ಪೋಷಕಾಂಶ ಕಡಿಮೆ! ಹಾಗಾದರೆ ನಾವು ದುಡ್ಡು ಕೊಡೋದು ಯಾವುದಕ್ಕೆ?

ಏಡಿಯ ಹಿಡಿತ

ಗ್ರೀಕ್ ಭಾಷೆಯಲ್ಲಿ ‘ಕೀಲೆ’ ಅಂದರೆ ಏಡಿಯ ಇಕ್ಕಳದಂಥ ಕಾಲು. 1920ರಲ್ಲಿ ಮಾರ್ಗನ್ ಮತ್ತು ಡ್ರೂ ಎಂಬ ಇಂಗ್ಲೆಂಡಿನ ರಸಾಯನ ವಿಜ್ಞಾನಿಗಳು ಆ ಪದದಿಂದ ‘ಚಿಲೇಟ್’ ಎಂಬ ಹೆಸರು ಕಟ್ಟಿದರು. ಗದ್ದೆ ಬದುವಿನ ಏಡಿ ಬೆರಳು ಹಿಡಿದರೆ ಎರಡೂ ಕಡೆಯಿಂದ ಒತ್ತಿ ಹಿಡಿಯುತ್ತೆ, ಸುಲಭಕ್ಕೆ ಬಿಡೋದಿಲ್ಲ. ಕೆಲವು ಸಾವಯವ ಅಣುಗಳು ಲೋಹದ ಕಣವನ್ನು ಹೀಗೆಯೇ ಎರಡು ಅಥವಾ ಹೆಚ್ಚು ಕಡೆಯಿಂದ ಹಿಡಿದುಕೊಳ್ಳುತ್ತವೆ. ಇಡಿಟಿಎ ಅನ್ನೋದಕ್ಕೆ ಹಿಡಿಯುವ ಜಾಗ ಆರು.

ಇದು ಕಾರ್ಖಾನೆಯವರು ಕಂಡುಹಿಡಿದ ಹೊಸ ವಿದ್ಯೆಯೇನಲ್ಲ. ಎಲೆಯ ಪತ್ರಹರಿತ್ತಿನ ನಡುವೆ ಮೆಗ್ನೀಸಿಯಂ ಕೂತಿರೋದು, ನಮ್ಮ ರಕ್ತದಲ್ಲಿ ಕಬ್ಬಿಣ ಕೂತಿರೋದು ಇದೇ ಥರದ ಹಿಡಿತದಲ್ಲಿ. ರಕ್ತ ಪರೀಕ್ಷೆಗೆ ಕೊಟ್ಟಾಗ ನೇರಳೆ ಮುಚ್ಚಳದ ಟ್ಯೂಬ್ ನೋಡಿರುತ್ತೀರಿ. ಅದರೊಳಗೆ ಇರೋದೂ ಇಡಿಟಿಎ. ರಕ್ತದ ಕ್ಯಾಲ್ಸಿಯಂ ಅನ್ನು ಅದು ಹಿಡಿದುಕೊಳ್ಳುತ್ತೆ, ಹಾಗಾಗಿ ರಕ್ತ ಹೆಪ್ಪುಗಟ್ಟೋದಿಲ್ಲ.

ಅಂದರೆ ‘ಚಿಲೇಟೆಡ್’ ಅನ್ನೋ ಪದ ಪೋಷಕಾಂಶ ಎಷ್ಟಿದೆ ಅಂತ ಹೇಳೋದಿಲ್ಲ. ಅದನ್ನು ಹಿಡಿದುಕೊಂಡು ಕಾಯುವವರು ಒಬ್ಬರಿದ್ದಾರೆ ಅಂತ ಮಾತ್ರ ಹೇಳುತ್ತೆ.

ಕಾವಲು ಯಾಕೆ ಬೇಕು?

ವಿಜಯಪುರ, ಬಾಗಲಕೋಟೆ ಕಡೆಯ ಸುಣ್ಣದಂಶ ಹೆಚ್ಚಿರುವ ಕಪ್ಪು ಮಣ್ಣನ್ನೇ ತಗೊಳ್ಳಿ. ಅಲ್ಲಿ ಕಬ್ಬಿಣ ಇಲ್ಲ ಅಂತಲ್ಲ, ಬೇಕಾದಷ್ಟಿದೆ. ಆದರೆ ರಸಸಾರ, ಅಂದರೆ ಪಿಎಚ್, 8ರ ಹತ್ತಿರ ಇರುವಾಗ ಕಬ್ಬಿಣ ತುಕ್ಕಿನ ರೂಪಕ್ಕೆ ತಿರುಗಿ ನೀರಿನಲ್ಲಿ ಕರಗೋದೇ ಇಲ್ಲ. ಕರಗದ್ದನ್ನು ಬೇರು ಕುಡಿಯೋಕಾಗೋದಿಲ್ಲ. ನಾವು ಫೆರಸ್ ಸಲ್ಫೇಟ್ ತಂದು ಮಣ್ಣಿಗೆ ಹಾಕಿದರೂ ಸ್ವಲ್ಪ ದಿನದಲ್ಲೇ ಅದರ ಗತಿಯೂ ಅದೇ. ಚಿಲೇಟ್ ಅಣು ಕಬ್ಬಿಣವನ್ನು ಹಿಡಿದುಕೊಂಡರೆ ಅದು ಕರಗಿದ ಸ್ಥಿತಿಯಲ್ಲೇ ಬೇರಿನ ತನಕ ಹೋಗುತ್ತೆ.

ಇದನ್ನು ಮನೆಯಲ್ಲೇ ನೋಡಬಹುದು. ಎರಡು ಗಾಜಿನ ಲೋಟಕ್ಕೆ ನಿಮ್ಮ ಬೋರ್‌ವೆಲ್ ನೀರು ಹಾಕಿ. ಒಂದಕ್ಕೆ ಚಿಟಿಕೆ ಫೆರಸ್ ಸಲ್ಫೇಟ್, ಇನ್ನೊಂದಕ್ಕೆ ಚಿಟಿಕೆ ಐರನ್ ಇಡಿಟಿಎ ಹಾಕಿ ಕಲಕಿ. ಗಡಸು ನೀರಾದರೆ ಮೊದಲನೇ ಲೋಟ ಕೆಲವು ಗಂಟೆಯಲ್ಲಿ ಕೆಂಪಗೆ ಕದಡಿ, ತಳದಲ್ಲಿ ತುಕ್ಕಿನಂಥ ಗಸಿ ನಿಲ್ಲುತ್ತೆ. ಎರಡನೆಯದು ಹಳದಿ ಬಣ್ಣದಲ್ಲಿ ಬಹುಮಟ್ಟಿಗೆ ತಿಳಿಯಾಗಿಯೇ ಇರುತ್ತೆ. ನೀವು ಹೆಚ್ಚಿಗೆ ಕೊಟ್ಟ ದುಡ್ಡು ಈ ತಿಳಿಗೆ.

ಎಲ್ಲ ಹಿಡಿತವೂ ಒಂದೇ ಅಲ್ಲ

ಹೆಚ್ಚಿನವರು ದುಡ್ಡು ಕಳೆದುಕೊಳ್ಳೋದು ಇಲ್ಲಿ. ‘ಚಿಲೇಟೆಡ್ ಐರನ್’ ಅಂತ ಓದಿ ತಂದು ಡ್ರಿಪ್‌ನಲ್ಲಿ ಬಿಡುತ್ತಾರೆ, ಎಲೆ ಹಸಿರಾಗೋದಿಲ್ಲ. ಹಿಡಿದಿರುವುದು ಯಾರು ಅಂತ ನೋಡಿರೋದಿಲ್ಲ.

ಇಡಿಟಿಎ: ಕಬ್ಬಿಣವನ್ನು ಪಿಎಚ್ ಸುಮಾರು 6.5ರ ತನಕ ಚೆನ್ನಾಗಿ ಹಿಡಿದಿರುತ್ತೆ. ಸುಣ್ಣದ ಮಣ್ಣಿಗೆ ಹೋದರೆ ಅಲ್ಲಿ ರಾಶಿ ಬಿದ್ದಿರುವ ಕ್ಯಾಲ್ಸಿಯಂ ಬಂದು ಕಬ್ಬಿಣವನ್ನು ಕೆಳಗಿಳಿಸಿ ತಾನು ಹತ್ತಿ ಕೂರುತ್ತೆ. ಸಂತೆ ದಿನದ ಬಸ್ಸಿನಲ್ಲಿ ಸೀಟು ಹೋದ ಹಾಗೆ.

ಡಿಟಿಪಿಎ: ಪಿಎಚ್ ಸುಮಾರು 7.5ರ ತನಕ ತಡೆಯುತ್ತೆ.

ಇಡಿಡಿಎಚ್‌ಎ: ಪಿಎಚ್ 9ರಲ್ಲೂ ಬಿಡೋದಿಲ್ಲ. ಕರಗಿಸಿದರೆ ಗಾಢ ಕೆಂಪು ಬಣ್ಣ. ದುಬಾರಿ. ಸುಣ್ಣದ ಮಣ್ಣಿನ ದ್ರಾಕ್ಷಿ, ದಾಳಿಂಬೆ, ನಿಂಬೆ ತೋಟಕ್ಕೆ ಬೇರಿನ ಮೂಲಕವೇ ಕಬ್ಬಿಣ ಕೊಡಬೇಕು ಅಂದರೆ ಇದೇ ಸರಿ.

ನಿಮ್ಮ ಹೊಲದಲ್ಲಿ ಸುಣ್ಣ ಇದೆಯೋ ಇಲ್ಲವೋ ತಿಳಿಯಲು ಒಣ ಹೆಂಟೆ ಮೇಲೆ ನಾಲ್ಕು ಹನಿ ವಿನೆಗರ್ ಬಿಡಿ. ಬುಸುಬುಸು ಗುಳ್ಳೆ ಎದ್ದರೆ ಸುಣ್ಣ ಇದೆ. ಮಲೆನಾಡು, ಕರಾವಳಿಯ ಹುಳಿ ಮಣ್ಣಿನಲ್ಲಿ ಕಬ್ಬಿಣ ತಾನಾಗೇ ಕರಗಿರುತ್ತೆ. ಅಲ್ಲಿನವರು ಮಣ್ಣಿಗೆ ಕಬ್ಬಿಣದ ಚಿಲೇಟ್ ಹಾಕಿ ದುಡ್ಡು ಕಳೆಯಬೇಕಾಗಿಲ್ಲ.

ಎಲೆಗೆ ಸಿಂಪಡಿಸುವಾಗ ಮಣ್ಣಿನ ಸುಣ್ಣ ಅಡ್ಡ ಬರೋದಿಲ್ಲ. ಅಲ್ಲಿ ಐರನ್ ಇಡಿಟಿಎ ಸಾಕು. ಅದೂ ಬೇಡ ಅನ್ನುವವರಿಗೆ ಅಗ್ಗದ ದಾರಿ ಇದೆ: ಲೀಟರ್ ನೀರಿಗೆ 5 ಗ್ರಾಂ ಫೆರಸ್ ಸಲ್ಫೇಟ್ ಜೊತೆ 1 ಗ್ರಾಂ ಸಿಟ್ರಿಕ್ ಆಮ್ಲ. ನಿಂಬೆಹುಳಿಯಲ್ಲಿರುವ ಇದೇ ಆಮ್ಲ ತಾನೇ ಒಂದು ಹಗುರ ಚಿಲೇಟ್‌ನಂತೆ ಕೆಲಸ ಮಾಡುತ್ತೆ. ಮೊದಲು ಸಿಟ್ರಿಕ್ ಆಮ್ಲ ಕರಗಿಸಿ, ಆಮೇಲೆ ಫೆರಸ್ ಸಲ್ಫೇಟ್ ಹಾಕಿ, ಕೂಡಲೇ ಹೊಡೆಯಿರಿ. ಶೇಂಗಾದ ಎಳೆ ಎಲೆ ಹಳದಿಯಾಗಿ ನರ ಮಾತ್ರ ಹಸಿರಿದ್ದರೆ ಅದು ಕಬ್ಬಿಣದ ಕೊರತೆ. ಹಳದಿ ಮೊದಲು ಹಳೇ ಎಲೆಯಲ್ಲಿ ಕಂಡರೆ ಬೇರೆ ಕಾರಣ ಹುಡುಕಿ.

ಜಿಂಕ್ ವಿಷಯ ಬೇರೆ

ಭತ್ತದಲ್ಲಿ ಜಿಂಕ್ ಕೊರತೆಯ ‘ಖೈರಾ’ ಬಾಧೆಯನ್ನು 1966ರಲ್ಲಿ ಪಂತನಗರದ ವಿಜ್ಞಾನಿ ವೈ.ಎಲ್. ನೆನೆ ಗುರುತಿಸಿದರು. ನಾಟಿಯಾಗಿ ಎರಡು ಮೂರು ವಾರಕ್ಕೆ ಕೆಳಗಿನ ಎಲೆಯಲ್ಲಿ ತುಕ್ಕಿನ ಬಣ್ಣದ ಚುಕ್ಕೆ ಬಂದು ಪೈರು ಕುಗ್ಗುತ್ತೆ. ಇದಕ್ಕೆ ಮೊದಲೇ ಎಕರೆಗೆ 8ರಿಂದ 10 ಕೆಜಿ ಜಿಂಕ್ ಸಲ್ಫೇಟ್ ಅನ್ನು ಕೆಸರು ಮಾಡುವಾಗ ಹಾಕಿದರೆ ಸಾಕು, ಮುಂದಿನ ಬೆಳೆಗೂ ಸ್ವಲ್ಪ ಉಳಿಯುತ್ತೆ. ಇಲ್ಲಿ ಚಿಲೇಟ್ ಅನಿವಾರ್ಯವಲ್ಲ. ಒಂದೇ ಎಚ್ಚರಿಕೆ, ಡಿಎಪಿ ಜೊತೆ ಬೆರೆಸಬೇಡಿ. ರಂಜಕ ಮತ್ತು ಜಿಂಕ್ ಸೇರಿ ಕರಗದ ಗಸಿಯಾಗುತ್ತೆ.

ಬೆಳೆ ನಿಂತ ಮೇಲೆ ಕೊರತೆ ಕಂಡರೆ ಲೀಟರಿಗೆ ಅರ್ಧದಿಂದ 1 ಗ್ರಾಂ ಜಿಂಕ್ ಇಡಿಟಿಎ ಸಿಂಪಡಿಸಿ. ಇಲ್ಲವೇ 5 ಗ್ರಾಂ ಜಿಂಕ್ ಸಲ್ಫೇಟ್‌ಗೆ 2.5 ಗ್ರಾಂ ಸುಣ್ಣದ ತಿಳಿ ಸೇರಿಸಿ, ಸೋಸಿ ಹೊಡೆಯಿರಿ. ಸುಣ್ಣ ಬಿಟ್ಟರೆ ಎಲೆ ಸುಡಬಹುದು. ಚಿಲೇಟ್‌ಗೆ ಆ ರಗಳೆ ಇಲ್ಲ, ಪ್ರಮಾಣವೂ ಕಡಿಮೆ. ತುರ್ತಿಗೆ ಅದು ಅನುಕೂಲ.

ಮಣ್ಣು ಪರೀಕ್ಷೆ ವರದಿಯಲ್ಲಿ ಜಿಂಕ್ 0.6 ಪಿಪಿಎಂಗಿಂತ ಕಡಿಮೆ ಇದ್ದರೆ ಕೊರತೆ ಅಂತ ಲೆಕ್ಕ. ಆ ಅಂಕಿ ಬರೋದೂ ಚಿಲೇಟ್‌ನಿಂದಲೇ. ಪ್ರಯೋಗಾಲಯದಲ್ಲಿ ಡಿಟಿಪಿಎ ದ್ರಾವಣ ಹಾಕಿ, ಅದು ಮಣ್ಣಿನಿಂದ ಎಷ್ಟು ಜಿಂಕ್ ಹಿಡಿದು ತಂತು ಅಂತ ಅಳೆಯುತ್ತಾರೆ.

ಬೇರೂ ಈ ಕೆಲಸ ಮಾಡುತ್ತೆ

ಜೋಳ, ಮೆಕ್ಕೆಜೋಳ, ಗೋಧಿಯಂಥ ಹುಲ್ಲಿನ ಜಾತಿಯ ಬೆಳೆಗಳು ಕಬ್ಬಿಣ ಸಾಲದಾದಾಗ ಬೇರಿನಿಂದ ತಮ್ಮದೇ ಚಿಲೇಟ್ ಸುರಿಸಿ, ಮಣ್ಣಿನ ಕಬ್ಬಿಣವನ್ನು ಹಿಡಿದು ಒಳಗೆ ತಂದುಕೊಳ್ಳುತ್ತವೆ. ಶೇಂಗಾಕ್ಕೆ ಈ ವಿದ್ಯೆ ಇಲ್ಲ. ಚೀನಾದಲ್ಲಿ ಸುಣ್ಣದ ಮಣ್ಣಿನಲ್ಲಿ ಶೇಂಗಾ ಪಕ್ಕ ಮೆಕ್ಕೆಜೋಳ ಬೆಳೆದಾಗ ಶೇಂಗಾದ ಹಳದಿ ಕಡಿಮೆಯಾದದ್ದನ್ನು ವಿಜ್ಞಾನಿಗಳು ದಾಖಲಿಸಿದ್ದಾರೆ. ನಮ್ಮ ಅಕ್ಕಡಿ ಸಾಲಿನ ಪದ್ಧತಿಯನ್ನು ಈ ಕಣ್ಣಿನಿಂದಲೂ ನೋಡಬಹುದು. ಕೊಳೆತ ಕೊಟ್ಟಿಗೆ ಗೊಬ್ಬರದ ಹ್ಯೂಮಿಕ್ ಅಂಶಗಳೂ ಲೋಹಗಳನ್ನು ಹಗುರವಾಗಿ ಹಿಡಿದಿಡುತ್ತವೆ. ಜಿಂಕ್ ಸಲ್ಫೇಟ್ ಅನ್ನು ಗೊಬ್ಬರದ ಜೊತೆ ಬೆರೆಸಿ ಹಾಕಿ ಅನ್ನುವುದಕ್ಕೆ ಇದೂ ಒಂದು ಕಾರಣ.

ಅಂಗಡಿಯಲ್ಲಿ ಕೇಳಬೇಕಾದ್ದು

1. ಚಿಲೇಟೆಡ್ ಅಂದರೆ ಸಾಲದು, ಯಾವುದರಿಂದ? ಇಡಿಟಿಎ, ಡಿಟಿಪಿಎ, ಇಡಿಡಿಎಚ್‌ಎ, ಹೆಸರು ಪ್ಯಾಕೆಟ್ ಮೇಲೆ ಇರಲಿ.

2. ಶೇಕಡಾ ಎಷ್ಟು? ರಸಗೊಬ್ಬರ ನಿಯಂತ್ರಣ ಆದೇಶದ ಪ್ರಕಾರ ಜಿಂಕ್ ಇಡಿಟಿಎಯಲ್ಲಿ ಕನಿಷ್ಠ ಶೇ. 12 ಜಿಂಕ್, ಐರನ್ ಇಡಿಟಿಎಯಲ್ಲಿ ಕನಿಷ್ಠ ಶೇ. 12 ಕಬ್ಬಿಣ ಇರಬೇಕು.

3. ಎಲೆಗೋ, ಮಣ್ಣಿಗೋ? ಮಣ್ಣಿಗಾದರೆ ನಿಮ್ಮ ಪಿಎಚ್ ಎಷ್ಟು?

4. ಬಿಲ್ ತಗೊಳ್ಳಿ, ಬ್ಯಾಚ್ ನಂಬರ್ ಬರೆಸಿಕೊಳ್ಳಿ.

ಮೊದಲ ಎರಡಕ್ಕೆ ಉತ್ತರ ಸಿಗದ ಪ್ಯಾಕೆಟ್ ಎಷ್ಟೇ ಚೆಂದ ಇದ್ದರೂ ಅಲ್ಲೇ ಬಿಟ್ಟು ಬನ್ನಿ. ಎಲ್ಲಾ ಉತ್ತರ ಸಿಕ್ಕರೂ ಎಕರೆಗಟ್ಟಲೆ ಹೊಡೆಯುವ ಮುಂಚೆ ಎರಡು ಸಾಲಿಗೆ ಹೊಡೆದು ಒಂದು ವಾರ ಕಾಯಿರಿ. ಹೊಸ ಎಲೆ ಹಸಿರಾಗಿ ಬಂದರೆ ಮುಂದುವರಿಸಿ.