ದುರ್ಗದ ಗಾಯಕನಿಗೆ ಮುಖವಾದ ಅನಂತನಾಗ್

ಚಳ್ಳಕೆರೆಯ ಎಣ್ಣೆಗಿರಣಿಗಳನ್ನು ಹಿಂದಿಟ್ಟು ಬಳ್ಳಾರಿಯ ದಿಕ್ಕಿಗೆ ಹೊರಟ ಬಸ್ಸು ಸ್ವಲ್ಪ ಹೊತ್ತಿನಲ್ಲಿಯೇ ತಳುಕನ್ನು ಮುಟ್ಟುತ್ತದೆ. ದಾರಿಯ ಎರಡು ಮಗ್ಗುಲಿಗೂ ಶೇಂಗಾ ಹೊಲಗಳು, ಜಾಲಿಯ ಗಿಡಗಳು, ದೂರದಲ್ಲಿ ಬೋಳು ಗುಡ್ಡಗಳು. ಮುಂದೆ ಹಾನಗಲ್ಲಿನಲ್ಲಿ ದಾರಿ ಕವಲೊಡೆದು ಮೊಳಕಾಲ್ಮೂರಿನತ್ತ ಹೊರಳುತ್ತದೆ. ರೇಷ್ಮೆ ಸೀರೆಯ ನೇಕಾರರ ಊರು ಅದು, ಅಶೋಕನ ಶಾಸನಗಳಿರುವ ಬ್ರಹ್ಮಗಿರಿಯ ಸೀಮೆ. ಬಸ್ಸಿನಲ್ಲಿ ತೂಕಡಿಸುವ ಪ್ರಯಾಣಿಕನಿಗೆ ತಳುಕು ಒಂದು ನಿಲ್ದಾಣ ಮಾತ್ರ. ಆದರೆ ಕನ್ನಡ ಎಂ.ಎ. ಓದಿದವನ ಕೈ ಅಲ್ಲಿ ತಾನಾಗಿಯೇ ಮುಗಿಯುತ್ತದೆ. ಟಿ. ಎಸ್. ವೆಂಕಣ್ಣಯ್ಯನವರ ಮನೆತನದ ಊರು ಅದು. ಕುವೆಂಪು ತಮ್ಮ ಮಹಾಕಾವ್ಯವನ್ನು ಅರ್ಪಿಸಿದ್ದು ಆ ಗುರುವಿಗೆ. ತ. ಸು. ಶಾಮರಾಯರು ಅದೇ ಮನೆತನಕ್ಕೆ ಸೇರಿದವರು. ವೆಂಕಣ್ಣಯ್ಯನವರ ತಮ್ಮನ ಮಗ ತಳುಕಿನ ರಾಮಸ್ವಾಮಯ್ಯ ಸುಬ್ಬರಾಯರು, ಅಂದರೆ ನಮ್ಮೆಲ್ಲರ ತ.ರಾ.ಸು.

ಈ ತ.ರಾ.ಸು. ಅವರ ಕಥೆಗಳ ನೆಪದಿಂದಲೇ ಬಯಲುಸೀಮೆಯ ನಮಗೆ ಕಡಲ ಕರೆಯ ಒಬ್ಬ ನಟ ಆಪ್ತನಾದನೆಂಬುದನ್ನು ಎಷ್ಟು ಜನ ಗಮನಿಸಿರುವರೋ ನಾನರಿಯೆ. ನಾಗರಹಾವು ಎಂದೊಡನೆ ಎಲ್ಲರಿಗೂ ವಿಷ್ಣುವರ್ಧನರ ನೆನಪಾಗುತ್ತದೆ, ಅದು ಸಹಜ. ಆದರೆ ತ.ರಾ.ಸು. ಅವರ ಮೂರು ಕೃತಿಗಳು ತೆರೆಗೆ ಬಂದಾಗ ಅವುಗಳ ನಾಯಕನಾಗಿ ನಿಂತವರು ಅನಂತನಾಗ್. ಹಂಸಗೀತೆ, ಚಂದನದ ಗೊಂಬೆ, ಬೆಂಕಿಯ ಬಲೆ. ಮೊದಲನೆಯದು ದುರ್ಗದ ಒಬ್ಬ ಸಂಗೀತಗಾರನ ದುರಂತ. ಉಳಿದೆರಡು ಸಂಸಾರದ ಒಳಮನೆಯ ಕಥೆಗಳು.

1948ರ ಸೆಪ್ಟೆಂಬರ್ 4ರಂದು ಜನಿಸಿದ ಅನಂತನಾಗ್ ಅವರ ಮನೆಮಾತು ಕೊಂಕಣಿ. ಬಾಲ್ಯ ಕಳೆದದ್ದು ಇಂದಿನ ಕಾಸರಗೋಡು ಜಿಲ್ಲೆಯ ಕಾಞಂಗಾಡಿನ ಆನಂದಾಶ್ರಮದಲ್ಲಿ, ಅನಂತರ ಉತ್ತರ ಕನ್ನಡದ ಶಿರಾಲಿಯ ಚಿತ್ರಾಪುರ ಮಠದ ನೆರಳಿನಲ್ಲಿ. ಭಜನೆ, ಮಂತ್ರಪಠಣ ಕೇಳಿ ಬೆಳೆದ ಹುಡುಗ ಓದಿಗೆಂದು ಮುಂಬಯಿಗೆ ಹೋದ. ಸೈನ್ಯ ಸೇರಬೇಕೆಂಬ ಆಸೆಯಿತ್ತಂತೆ, ದೇಹದ ತೂಕ ಸಾಲದೆಂದು ಅದು ಕೈಗೂಡಲಿಲ್ಲ. ಆ ನಷ್ಟ ಸೈನ್ಯದ್ದೋ, ಲಾಭ ರಂಗಭೂಮಿಯದೋ, ವಾಚಕರೇ ತೀರ್ಮಾನಿಸಲಿ. ಮುಂಬಯಿಯ ಕೊಂಕಣಿ, ಮರಾಠಿ, ಕನ್ನಡ ನಾಟಕಗಳ ಬೆಳಕಿನಲ್ಲಿ ನಿಂತ ಆ ತರುಣನನ್ನು ಸತ್ಯದೇವ ದುಬೆ ಗುರುತಿಸಿದರು. ಕನ್ನಡದಲ್ಲಿ ಪಿ. ವಿ. ನಂಜರಾಜ ಅರಸರ ಸಂಕಲ್ಪ (1973) ಮೊದಲ ಚಿತ್ರ. ಮರುವರ್ಷ ಹಿಂದಿಯಲ್ಲಿ ಶ್ಯಾಮ ಬೆನಗಲ್ ಅವರ ಅಂಕುರ್.

ಅಂಕುರದಲ್ಲಿ ಅವರದು ಜಮೀನ್ದಾರನ ಮಗನ ಪಾತ್ರ. ಮನೆಗೆಲಸದ ಹೆಣ್ಣನ್ನು ಬಳಸಿಕೊಂಡು, ಆಮೇಲೆ ಲೋಕಕ್ಕೆ ಹೆದರಿ ಕೈಬಿಟ್ಟು, ಕೊನೆಗೆ ಕಿವಿ ಕೇಳದ, ಮಾತು ಬಾರದ ಅವಳ ಗಂಡನನ್ನು ಚಾವಟಿಯಿಂದ ಹೊಡೆಯುವ ಹೇಡಿ ಅವನು. ಮೊದಮೊದಲ ಚಿತ್ರಗಳಲ್ಲಿಯೇ ಇಂಥ ಪಾತ್ರವನ್ನು ಒಪ್ಪಿಕೊಳ್ಳಲು ಚೆಲುವನಾದ ಯಾವ ತರುಣ ನಟನಿಗೆ ಧೈರ್ಯ ಬಂದೀತು? ಮೂಕನನ್ನು ಹೊಡೆದ ಆ ಕೈಯನ್ನು ನೆನಪಿನಲ್ಲಿಟ್ಟುಕೊಂಡೇ ಮುಂದಿನ ವರ್ಷದ ಹಂಸಗೀತೆಯನ್ನು ನೋಡಬೇಕು. ಅಲ್ಲಿ ಮೂಕನಾಗುವವನು ಅನಂತನಾಗ್ ಅವರೇ.

ಹಂಸಗೀತೆಯ ಕಥೆಯನ್ನು ಬಲ್ಲವರು ಬಲ್ಲರು. ರಾಗದ ಹೆಸರನ್ನೇ ತನ್ನ ಹೆಸರಿನ ಮುಂದೆ ಧರಿಸಿದ ಗಾಯಕ ಭೈರವಿ ವೆಂಕಟಸುಬ್ಬಯ್ಯ. ವಿದ್ಯೆಯ ಹಮ್ಮು, ಹೆಣ್ಣಿನ ಒಲವು, ಗುರುವಿನ ಅರಸಾಟ, ಎಲ್ಲವನ್ನೂ ಹಾದು ಬಂದ ಅವನಿಗೆ ಕೊನೆಯಲ್ಲಿ ಆಳುವವನ ಅಪ್ಪಣೆಯಾಗುತ್ತದೆ: ಹಾಡು! ಅಪ್ಪಣೆಗಾಗಿ ಹಾಡಲೊಲ್ಲದೆ ಅವನು ತನ್ನ ನಾಲಗೆಯನ್ನೇ ಕತ್ತರಿಸಿಕೊಳ್ಳುತ್ತಾನೆ. ಇದೇ ಕಾದಂಬರಿಯನ್ನು ಆಧರಿಸಿ ಹಿಂದಿಯಲ್ಲಿ 1956ರಷ್ಟು ಹಿಂದೆಯೇ ಬಸಂತ್ ಬಹಾರ್ ಎಂಬ ಚಿತ್ರ ಬಂದಿತ್ತು. ಕನ್ನಡದ ಕಥೆ ಕನ್ನಡದ ತೆರೆಗೆ ಬರಲು ಜಿ. ವಿ. ಅಯ್ಯರ್ ಅವರಿಗಾಗಿ 1975ರವರೆಗೆ ಕಾಯಬೇಕಾಯಿತು. ನಮ್ಮ ಮನೆಯ ವಸ್ತುವಿನ ಬೆಲೆ ನೆರೆಮನೆಯವರು ಹೇಳಿದ ಮೇಲೆ ನಮಗೆ ತಿಳಿಯುವುದೇನೂ ಹೊಸದಲ್ಲ.

ಇಲ್ಲಿ ನಟನ ಮುಂದಿದ್ದ ಕಷ್ಟ ಸಾಮಾನ್ಯದ್ದಲ್ಲ. ಹಾಡಿದ ಕಂಠ ಎಂ. ಬಾಲಮುರಳಿಕೃಷ್ಣ ಅವರದು, ಆ ಗಾಯನಕ್ಕೆ ಅವರಿಗೆ ರಾಷ್ಟ್ರಪ್ರಶಸ್ತಿ ಬಂದಿತು, ಆ ವರ್ಷದ ಅತ್ಯುತ್ತಮ ಕನ್ನಡ ಚಿತ್ರವೆಂಬ ಗೌರವವೂ ಹಂಸಗೀತೆಗೇ ಸಂದಿತು. ಅಂಥ ಮಹಾ ವಿದ್ವಾಂಸರ ಕಂಠಕ್ಕೆ ಇಪ್ಪತ್ತೇಳರ ಹರೆಯದ ನಟ ಮುಖವಾಗಬೇಕು. ಸಾಮಾನ್ಯ ಚಿತ್ರಗೀತೆಯಾದರೆ ತುಟಿಯ ಚಲನೆ ಹೊಂದಿದರೆ ಸಾಕು, ಮರ ಸುತ್ತಿದರೆ ಉಳಿದದ್ದು ನಡೆದುಹೋಗುತ್ತದೆ. ಶಾಸ್ತ್ರೀಯ ಸಂಗೀತದಲ್ಲಿ ಹಾಗಾಗದು. ಉಸಿರು ಎಲ್ಲಿ ನಿಂತಿತು, ಗಂಟಲ ನರ ಎಲ್ಲಿ ಬಿಗಿಯಿತು, ಸ್ವರ ಕೈಗೆ ಸಿಕ್ಕಿದಾಗ ಕಣ್ಣು ಹೇಗೆ ಅರೆಮುಚ್ಚಿತು, ಇವೆಲ್ಲ ಸುಳ್ಳಾದರೆ ಮುಂದಿನ ಸಾಲಿನಲ್ಲಿ ಕುಳಿತ ಸಂಗೀತ ಬಲ್ಲ ಅಜ್ಜ ನಕ್ಕುಬಿಡುತ್ತಾನೆ. ಅನಂತನಾಗ್ ಅವರನ್ನು ನೋಡಿ ಯಾರೂ ನಗಲಿಲ್ಲ. ನನ್ನ ಅಭಿಪ್ರಾಯದಲ್ಲಿ ಚಿತ್ರದ ಶಿಖರ ಹಾಡಿನಲ್ಲಿಯೂ ಇಲ್ಲ. ಹಾಡನ್ನು ಕಳೆದುಕೊಂಡವನ ಕಣ್ಣಿನಲ್ಲಿದೆ. ಅಲ್ಲಿ ಎರವಲು ಕಂಠದ ನೆರವಿಲ್ಲ, ನಟ ಒಬ್ಬನೇ.

ತನ್ನ ಕಾದಂಬರಿ ತೆರೆಯ ಮೇಲೆ ಬೇರೆಯಾಗಿ ಹೋಯಿತೆಂದು ನಾಗರಹಾವಿನ ವಿಷಯದಲ್ಲಿ ತ.ರಾ.ಸು. ಬೇಸರಪಟ್ಟರೆಂಬ ಮಾತು ಪ್ರಸಿದ್ಧವಾಗಿದೆ. ಕಾದಂಬರಿಕಾರನ ಮನಸ್ಸು ತಾಯಿಯ ಮನಸ್ಸು. ಮಗಳನ್ನು ಕೊಟ್ಟ ಮನೆಯ ಅಡುಗೆ ಆಕೆಗೆ ರುಚಿಸುವುದಿಲ್ಲ. ಆದರೂ ಅವರ ಕಥೆಗಳನ್ನು ಚಿತ್ರರಂಗ ಕೇಳುತ್ತಲೇ ಹೋಯಿತು. 1979ರ ಚಂದನದ ಗೊಂಬೆ, 1983ರ ಬೆಂಕಿಯ ಬಲೆ, ಎರಡನ್ನೂ ದೊರೆ-ಭಗವಾನ್ ಜೋಡಿ ನಿರ್ದೇಶಿಸಿತು. ಎರಡರಲ್ಲಿಯೂ ಅನಂತನಾಗ್ ಅವರಿಗೆ ಲಕ್ಷ್ಮಿಯವರು ಜೊತೆಯಾದರು. ಇದಕ್ಕೆ ಮುನ್ನ 1976ರಲ್ಲಿ ಭಾರತೀಸುತರ ಬಯಲುದಾರಿಯನ್ನು ತೆರೆಗೆ ತಂದವರೂ ಅದೇ ಜೋಡಿ, ನಾಯಕನೂ ಇವರೇ. ಗ್ರಂಥಾಲಯದಿಂದ ಕಾದಂಬರಿ ತಂದು ಓದುವ ಗೃಹಿಣಿಯರು ತುಂಬಿದ್ದ ಕಾಲ ಅದು. ತಾವು ಓದುವಾಗ ಕಲ್ಪಿಸಿಕೊಂಡ ನಾಯಕನನ್ನೇ ತೆರೆಯ ಮೇಲೆ ಕಂಡಂತಾಗುತ್ತಿತ್ತೆಂದು ಹಿರಿಯ ಮಹಿಳೆಯರು ಇಂದಿಗೂ ಹೇಳುವುದನ್ನು ಕೇಳಿದ್ದೇನೆ. ಹೊಡೆದಾಟವಿಲ್ಲದ, ಅಬ್ಬರವಿಲ್ಲದ, ಪಕ್ಕದ ಮನೆಯ ವಿದ್ಯಾವಂತನಂತಿದ್ದ ನಾಯಕ!

ನಮ್ಮ ಸೀಮೆಯವನು ಮರೆಯಲಾಗದ ಮತ್ತೊಂದು ಚಿತ್ರ ಎಂ. ಎಸ್. ಸತ್ಯು ಅವರ ಬರ. ಯು. ಆರ್. ಅನಂತಮೂರ್ತಿಯವರ ನೀಳ್ಗತೆಯನ್ನು ಆಧರಿಸಿದ್ದು. ತನ್ನ ಜಿಲ್ಲೆಯನ್ನು ಬರಪೀಡಿತವೆಂದು ಘೋಷಿಸಬೇಕೆಂದು ಹೆಣಗುವ ತರುಣ ಜಿಲ್ಲಾಧಿಕಾರಿಯಾಗಿ ಅನಂತನಾಗ್ ಅಭಿನಯಿಸಿದರು. ಚಿತ್ರ ತೆಗೆದದ್ದು ಬೀದರಿನ ನೆಲದಲ್ಲಿ. ಆದರೆ ಚಳ್ಳಕೆರೆ, ಮೊಳಕಾಲ್ಮೂರಿನವರಿಗೆ ಅದನ್ನು ಯಾರೂ ಬಿಡಿಸಿ ಹೇಳಬೇಕಾಗಿಲ್ಲ. ರಾಜ್ಯದಲ್ಲಿಯೇ ಅತಿ ಕಡಿಮೆ ಮಳೆ ಬೀಳುವ ತಾಲ್ಲೂಕುಗಳ ಸಾಲಿನಲ್ಲಿ ಇವು ನಿಲ್ಲುತ್ತವೆ. ಮೋಡ ಬಂದು ಮುಖ ತೋರಿಸಿ ಹೋಗುವುದನ್ನು ಕಂಡವರು ನಾವು; ಬರದ ಪಟ್ಟಿಗೆ ತಾಲ್ಲೂಕಿನ ಹೆಸರು ಸೇರಿತೇ ಎಂದು ಪತ್ರಿಕೆಯಲ್ಲಿ ಬೆರಳಿಟ್ಟು ಹುಡುಕಿದವರು. ಒಳ್ಳೆಯ ಅಧಿಕಾರಿಯ ಒಳ್ಳೆಯತನ ಕಡತಗಳ ನಡುವೆ ಹೇಗೆ ಒಣಗುತ್ತದೆಂಬುದನ್ನು ಅನಂತನಾಗ್ ಭಾಷಣವಿಲ್ಲದೆ ತೋರಿಸಿದರು.

ತಮ್ಮ ಶಂಕರನಾಗ್ ಅವರ ಮಾತಿಲ್ಲದೆ ಅಣ್ಣನ ಕಥೆ ಮುಗಿಯದು. ಮಿಂಚಿನ ಓಟ (1980) ತಮ್ಮನ ನಿರ್ದೇಶನ, ಅಣ್ಣನ ಅಭಿನಯ. 1987ರಲ್ಲಿ ದೂರದರ್ಶನದಲ್ಲಿ ಆರ್. ಕೆ. ನಾರಾಯಣ್ ಅವರ ಮಾಲ್ಗುಡಿ ಕಥೆಗಳು ಬಂದುವಷ್ಟೆ. ಆಗುಂಬೆಯನ್ನು ಮಾಲ್ಗುಡಿಯಾಗಿಸಿದ ಶಂಕರ್ ಅಣ್ಣನಿಗೆ ಕೊಟ್ಟದ್ದು ಮಿಠಾಯಿ ಮಾರುವ ಜಗನ್ನನ ಪಾತ್ರವನ್ನು. ಗಾಂಧಿಯ ಶಿಷ್ಯ, ಅಮೆರಿಕದಿಂದ ಮರಳಿದ ಮಗನ ಮುಂದೆ ಕಕ್ಕಾಬಿಕ್ಕಿಯಾದ ತಂದೆ. ಆಗ ಅನಂತನಾಗ್ ಅವರಿಗೆ ನಲವತ್ತೂ ತುಂಬಿರಲಿಲ್ಲ. ನಡಿಗೆಯಲ್ಲಿಯೇ ಮುಪ್ಪನ್ನು ತಂದರು. ಕಿರುತೆರೆಯ ಚೌಕಟ್ಟು ಚಿಕ್ಕದು, ಅಲ್ಲಿ ಹುಬ್ಬು ಸ್ವಲ್ಪ ಹೆಚ್ಚಾಗಿ ಎದ್ದರೂ ಅತಿಯಾಗಿ ಕಾಣುತ್ತದೆ. ಆ ಅಳತೆ ಅವರಿಗೆ ಮೊದಲಿನಿಂದಲೂ ಗೊತ್ತಿತ್ತು. ಮುಂದೆ ಪ್ರೀತಿ ಇಲ್ಲದ ಮೇಲೆ ಧಾರಾವಾಹಿಯ ದಿನಗಳಲ್ಲಿ ನಮ್ಮ ಮನೆಯಲ್ಲಿ ಒಗ್ಗರಣೆ ಸೀದದ್ದೂ ಉಂಟು. ತಾಯಿಯವರು ಅದಕ್ಕೆ ಅನಂತನಾಗ್ ಅವರನ್ನೇ ಹೊಣೆ ಮಾಡಿದರು.

1990ರ ಸೆಪ್ಟೆಂಬರ್ 30ರಂದು ದಾವಣಗೆರೆಯ ಬಳಿಯ ಆನಗೋಡಿನಲ್ಲಿ, ನಮ್ಮ ದುರ್ಗದಿಂದ ಉತ್ತರಕ್ಕೆ ಹೋಗುವ ಅದೇ ಹೆದ್ದಾರಿಯಲ್ಲಿ, ಶಂಕರನಾಗ್ ಅಪಘಾತದಲ್ಲಿ ತೀರಿಕೊಂಡರು. ಇನ್ನೂ ಮೂವತ್ತಾರು ತುಂಬಿರಲಿಲ್ಲ. ಮರುವರ್ಷ ಗೌರಿ ಗಣೇಶ ತೆರೆಕಂಡಿತು. ಚಿತ್ರಮಂದಿರಗಳಲ್ಲಿ ಜನ ಹೊಟ್ಟೆ ಹುಣ್ಣಾಗುವಂತೆ ನಕ್ಕರು. ಆ ನಗೆಯನ್ನು ಹಂಚಿದವನ ಮನೆಯ ಸ್ಥಿತಿಯನ್ನು ನೆನೆದಾಗ ನಟನ ವೃತ್ತಿ ಎಷ್ಟು ಕಠಿನವಾದುದೆಂದು ಮನಸ್ಸು ಮಿಡುಕುತ್ತದೆ.

ರಾಜಕೀಯಕ್ಕೂ ಹೋದರು. 1994ರಲ್ಲಿ ಮಲ್ಲೇಶ್ವರದಿಂದ ವಿಧಾನಸಭೆಗೆ ಆರಿಸಿ ಬಂದು ಜೆ. ಎಚ್. ಪಟೇಲರ ಸಂಪುಟದಲ್ಲಿ ಸಚಿವರಾಗಿದ್ದರು. ಆ ಅಧ್ಯಾಯವನ್ನು ರಾಜಕೀಯ ಬಲ್ಲವರು ಬರೆಯಲಿ. ನನಗೆ ಮುಖ್ಯವೆನಿಸುವುದು, ನಾಯಕನ ವಯಸ್ಸು ದಾಟಿದ ಮೇಲೆ ಅವರು ಮುನಿಸಿಕೊಂಡು ಮನೆಯಲ್ಲಿ ಕೂರಲಿಲ್ಲವೆಂಬುದು. ಮುಂಗಾರು ಮಳೆಯಲ್ಲಿ (2006) ನಾಯಕಿಯ ತಂದೆಯಾದರು, ಕೆ.ಜಿ.ಎಫ್. ಮೊದಲ ಭಾಗದಲ್ಲಿ (2018) ಕಥೆ ಹೇಳುವ ಪತ್ರಕರ್ತರಾದರು. ನನ್ನ ವಿದ್ಯಾರ್ಥಿಗಳು ಅವರನ್ನು ಬಲ್ಲುದು ಈ ಕಡೆಯ ಚಿತ್ರದಿಂದ. ಹಂಸಗೀತೆ ಎಂದರೆ ಪಾಠದ ಹೆಸರೇ ಎಂದು ಕೇಳುತ್ತಾರೆ. ಅದೇ 2018ರಲ್ಲಿ ಕಾಸರಗೋಡಿನ ಕನ್ನಡ ಶಾಲೆಯೊಂದರ ಉಳಿವಿಗಾಗಿ ವಾದಿಸುವ ಹಿರಿಯನ ಪಾತ್ರ ವಹಿಸಿದರು. ಬಾಲ್ಯದ ಜಿಲ್ಲೆಗೆ ಬಣ್ಣ ಹಚ್ಚಿಕೊಂಡು ಮರಳಿದಂತಾಯಿತು. 2025ರಲ್ಲಿ ಪದ್ಮಭೂಷಣ ಬಂದಿತು.

ಕಳೆದ ತಿಂಗಳು ತರಗತಿಯಲ್ಲಿ ಹಂಸಗೀತೆಯ ಕೊನೆಯ ಭಾಗವನ್ನು ತೋರಿಸಿದೆ. ಅನಂತರ ಗೋಧಿ ಬಣ್ಣ ಸಾಧಾರಣ ಮೈಕಟ್ಟು (2016) ಚಿತ್ರದಿಂದಲೂ ಸ್ವಲ್ಪ ತೋರಿಸಿದೆ. ಮರೆವಿನ ರೋಗದಿಂದ ತನ್ನ ಮನೆಯ ದಾರಿಯನ್ನೇ ಕಳೆದುಕೊಂಡ ವೆಂಕೋಬರಾಯರ ಪಾತ್ರ. ಒಬ್ಬನು ಮಾತನ್ನು ತಾನಾಗಿ ಕತ್ತರಿಸಿ ಎಸೆದವನು. ಇನ್ನೊಬ್ಬನಿಂದ ಮಾತು, ಹೆಸರು, ನೆನಪು ಒಂದೊಂದಾಗಿ ಉದುರಿಹೋಗುತ್ತಿವೆ. ನಡುವೆ ನಲವತ್ತೊಂದು ವರ್ಷ. ದೀಪ ಹಾಕಿದಾಗ ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಎದ್ದು ನಿಂತು ಕೇಳಿದಳು: “ಸಾರ್, ಇಬ್ಬರೂ ಒಬ್ಬರೇನಾ?” ಅವಳು ತಳುಕಿನಿಂದ ದಿನವೂ ಬಸ್ಸಿನಲ್ಲಿ ಬರುವವಳು. ಗ್ರಂಥಾಲಯದ ಪ್ರತಿಯನ್ನು ಅವಳ ಕೈಗೆ ಕೊಟ್ಟೆ. ಇನ್ನೂ ಹಿಂದಿರುಗಿಸಿಲ್ಲ, ನಾನೂ ಕೇಳಿಲ್ಲ.