ಹನ್ನೊಂದರಿಂದ ಶುರುವಾದ ಎಣಿಕೆ

ಅಮರ ಚಿತ್ರಕಥೆಯ ‘ಕೃಷ್ಣ’ದ ಹಳೆಯ ಮುದ್ರಣ ಕೈಗೆ ಸಿಕ್ಕರೆ ಮೊದಲು ಅದರ ಸಂಖ್ಯೆ ನೋಡಿ. ಒಂದಲ್ಲ, ಹನ್ನೊಂದು! ಇಡೀ ಮಾಲಿಕೆಗೆ ಹೆಸರು ತಂದ ಪುಸ್ತಕವೇ ಹನ್ನೊಂದನೆಯದಾದರೆ, ಮೊದಲ ಹತ್ತು ಎಲ್ಲಿ ಹೋದವು?

ಹಿಡಿದುಕೊಳ್ಳಿ: ಆ ಹತ್ತೂ ಬಂದದ್ದು ಕನ್ನಡದಲ್ಲಿ! ಸಿಂಡರೆಲಾ, ಪಿನೋಕಿಯೊ ಮುಂತಾದ ಪರದೇಶದ ಕಥೆಗಳು ಕನ್ನಡ ಮಾತಾಡಿದ್ದವು. 1965ರಲ್ಲಿ ಈ ಕೆಲಸಕ್ಕೆ ಚಾಲನೆ ಕೊಟ್ಟದ್ದು ತಾನೇ ಎಂದು ಪ್ರಕಾಶನ ಸಂಸ್ಥೆ ಇಂಡಿಯಾ ಬುಕ್ ಹೌಸ್‌ನ ಬೆಂಗಳೂರು ಶಾಖೆಯ ಜಿ.ಕೆ. ಅನಂತರಾಮ್ ಹೇಳಿಕೊಂಡಿದ್ದಾರೆ. ದೇಶದ ಮಕ್ಕಳೆಲ್ಲ ಓದಿದ ಮಾಲಿಕೆ ಅಂಬೆಗಾಲಿಟ್ಟದ್ದು ನಮ್ಮ ನುಡಿಯಲ್ಲಿ!

ಬೆರಗು ಇಲ್ಲಿಗೇ ಮುಗಿಯುವುದಿಲ್ಲ. ಮಾಲಿಕೆಯನ್ನು ಬೆಳೆಸಿದ ಸಂಪಾದಕ, ಮಕ್ಕಳ ‘ಅಂಕಲ್ ಪೈ’, ಅನಂತ ಪೈ ಹುಟ್ಟಿದ್ದು ಕಾರ್ಕಳದಲ್ಲಿ, 1929ರ ಸೆಪ್ಟೆಂಬರ್ 17ರಂದು. ಅದೇ ವರ್ಷದ ಜನವರಿ 10ರಂದು ಬ್ರಸೆಲ್ಸ್‌ನ ಮಕ್ಕಳ ಪುರವಣಿಯೊಂದರಲ್ಲಿ ಎರ್ಜೆ ಬರೆದ ಟಿನ್‌ಟಿನ್ ಕಣ್ಣುಬಿಟ್ಟಿದ್ದ. ಯುರೋಪಿನ ಚಿತ್ರಕಥೆಯ ವೀರನೂ ಭಾರತದ ಚಿತ್ರಕಥೆಯ ಹಿರಿಯನೂ ಒಂದೇ ವರ್ಷದವರು!

ಎರಡನೇ ವಯಸ್ಸಿಗೇ ತಂದೆತಾಯಿ ಇಬ್ಬರನ್ನೂ ಕಳೆದುಕೊಂಡ ಪೈ, ಹನ್ನೆರಡರ ಹರೆಯದಲ್ಲಿ ಮುಂಬೈ ಸೇರಿದರು. ಓದಿದ್ದು ರಸಾಯನಶಾಸ್ತ್ರ, ಒಲಿದದ್ದು ಮಕ್ಕಳ ಪುಸ್ತಕ. 1954ರಲ್ಲಿ ತಂದ ‘ಮಾನವ್’ ಪತ್ರಿಕೆ ಬಾಳಲಿಲ್ಲ. 1964ರಲ್ಲಿ ಶುರುವಾದ ಇಂದ್ರಜಾಲ ಕಾಮಿಕ್ಸ್‌ನಲ್ಲಿ ದುಡಿದರು. 1967ರಲ್ಲಿ ದೆಹಲಿಯ ಟಿ.ವಿ.ಯೊಂದರಲ್ಲಿ ಮಕ್ಕಳ ರಸಪ್ರಶ್ನೆ ನಡೆಯುತ್ತಿತ್ತು. ಗ್ರೀಕ್ ದೇವತೆಗಳ ವಿಷಯಕ್ಕೆ ಥಟ್ಟನೆ ಉತ್ತರ ಕೊಟ್ಟ ಮಕ್ಕಳು, ರಾಮನ ತಾಯಿ ಯಾರೆಂದರೆ ಮೌನ! ಅದನ್ನು ನೋಡಿ ಪೈ ತಳಮಳಿಸಿದರು. ಅದರ ಬೆನ್ನಿಗೇ ರಾಮ್ ವಾಯೀರ್ಕರ್ ಚಿತ್ರಗಳೊಂದಿಗೆ ಬಂದದ್ದೇ ಆ ‘ಕೃಷ್ಣ’. 1980ರಲ್ಲಿ ಮಕ್ಕಳ ಪತ್ರಿಕೆ ‘ಟಿಂಕಲ್’ ಬಂತು. 2011ರಲ್ಲಿ ಪೈ ತೀರಿಕೊಳ್ಳುವ ಹೊತ್ತಿಗೆ ಮಾಲಿಕೆ ನಾನೂರು ಶೀರ್ಷಿಕೆ ದಾಟಿತ್ತು.

ಸಾಮಾನ್ಯವಾಗಿ ಒಂದೊಂದೂ 32 ಪುಟ. ಹಾವೇರಿಯಲ್ಲಿ ಬಸ್ಸು ಹತ್ತಿದರೆ ರಾಣೇಬೆನ್ನೂರು ಬರುವುದರೊಳಗೆ ಓದಿ ಮುಗಿಯುತ್ತದೆ. ಆ ಪುಟಗಳಿಗೆ ಬೇಕಾದ ಕಥೆಗಳು ಆ ದಾರಿಯ ಅಕ್ಕಪಕ್ಕದಲ್ಲೇ ಇವೆ! ಬ್ಯಾಡಗಿ ತಾಲ್ಲೂಕಿನ ಮೋಟೆಬೆನ್ನೂರಿನ ಮೈಲಾರ ಮಹಾದೇವಪ್ಪ 1930ರಲ್ಲಿ, ಹದಿನೆಂಟರ ಹುಡುಗ, ಗಾಂಧೀಜಿಯೊಂದಿಗೆ ದಂಡಿಗೆ ನಡೆದ. 1943ರ ಏಪ್ರಿಲ್ 1ರಂದು ಹೊಸರಿತ್ತಿಯಲ್ಲಿ ಗುಂಡಿಗೆ ಎದೆಯೊಡ್ಡಿದ. ಹಾವೇರಿ ರೈಲು ನಿಲ್ದಾಣಕ್ಕೆ ಆತನದೇ ಹೆಸರು. ದೆಹಲಿಯಲ್ಲಿ ಪೈ ಅವರನ್ನು ಕಾಡಿದಂಥದೇ ಪ್ರಶ್ನೆಯೊಂದನ್ನು ಅದೇ ನಿಲ್ದಾಣದಲ್ಲಿ, ರೈಲಿಗೆ ಕಾದಿರುವ ಮಕ್ಕಳಿಗೆ ಹಾಕಿ ನೋಡಿ: ಈ ಫಲಕದ ಮೇಲಿನ ಮಹಾದೇವಪ್ಪ ಯಾರು? ಉತ್ತರ ಬಾರದಿದ್ದರೆ, ಮುಂದಿನ 32 ಪುಟಗಳಿಗೆ ವಸ್ತು ಸಿಕ್ಕಿತೆಂದೇ ಲೆಕ್ಕ.